ಕಲ್ಪಕ್ಕಿನ ಅಂಚು

ಪರದೆಯ ಮೇಲೆ ತಾಯಿಯ ಬರಿತಲೆ ಮೂಡಿದಾಗ ಜಿಪಾರ್‌ಗೆ ಮೊದಲು ಅನಿಸಿದ್ದು ನಾಚಿಕೆಯಲ್ಲ, ಸಿಟ್ಟೂ ಅಲ್ಲ. ಬೆಳಕು ಎಷ್ಟು ಚೆನ್ನಾಗಿ ಬಿದ್ದಿದೆ ಎಂದು. ಕಿಟಕಿಯಿಂದ ಬಂದ ಚಳಿಗಾಲದ ಬೆಳಕು ಆ ನೆತ್ತಿಯ ತೆಳು ಚರ್ಮದ ಮೇಲೆ, ಅಲ್ಲೊಂದು ಇಲ್ಲೊಂದು ಉಳಿದ ಬಿಳಿ ಕೂದಲಿನ ಮೇಲೆ, ಕಿವಿಯ ಹಿಂದಿನ ಗುಳಿಯಲ್ಲಿ ಹಾಲಿನ ಕೆನೆಯಂತೆ ನಿಂತಿತ್ತು. ಕಣ್ಣನ್ನೇ ಕಸುಬು ಮಾಡಿಕೊಂಡವಳ ಚಾಳಿ ಅದು. ಮನೆಗೆ ಬೆಂಕಿ ಬಿದ್ದರೂ ಇವಳು ಮೊದಲು ನೋಡುವುದು ಬಣ್ಣವನ್ನು. ನಾಚಿಕೆ ಬಂದದ್ದು ಆಮೇಲೆ, ಬಂದಾಗ ಮೈಯೆಲ್ಲ ಹರಡಿಕೊಂಡು ಬಂತು. ಬಿಷ್ಕೆಕ್‌ನ ಆ ಹಳೆಯ ಸಿನಿಮಾ ಮಂದಿರದಲ್ಲಿ ಬೆಳಗಿನ ತಾಲೀಮಿನ ಹೊತ್ತು ನೋಡುಗರು ಯಾರೂ ಇರಲಿಲ್ಲ, ಕುರ್ಚಿಗಳೆಲ್ಲ ಖಾಲಿ. ಅವಳು ವೇದಿಕೆಯ ಮೇಲೆ ಕಂಬಳಿ ಹಾಸಿಕೊಂಡು, ಸಾವಿನ ಮನೆಯ ಹೆಂಗಸರು ಗೋಡೆಗೆ ಮುಖ ಮಾಡಿ ಕೂರುವಂತೆ, ಕುರ್ಚಿಗಳಿಗೆ ಬೆನ್ನು ಹಾಕಿ ಕೂತಿದ್ದಳು. ಸಂಜೆ ಪ್ರದರ್ಶನದಲ್ಲಿ ಜನರ ಮುಂದೆಯೂ ಹಾಗೆಯೇ ಕೂರಬೇಕು. ಎದುರಿಗಿದ್ದ ಪರದೆಯನ್ನು ಅವಳೇ ಹೊಲಿದಿದ್ದಳು: ತಾಯಿ ಕಲೀಚಾ ಮದುವೆಯಾದಾಗಿನಿಂದ ಸಾಯುವ ತನಕ ತಲೆಗೆ ಸುತ್ತಿಕೊಂಡ ಬಿಳಿ ಬಟ್ಟೆಗಳು, ಎಲೆಚೆಕ್ಕುಗಳು, ಒಂದರ ಅಂಚಿಗೆ ಇನ್ನೊಂದು ಸೇರಿಸಿ. ಅತ್‌ಬಾಷಿಯಲ್ಲಿ, ಅವಳ ಹುಟ್ಟೂರಿನಲ್ಲಿ, ಈಗ ಎಲ್ಲರೂ ಅಂಗಡಿಯ ಹೂವಿನ ಸ್ಕಾರ್ಫು ಕಟ್ಟುತ್ತಾರೆ. ಕಲೀಚಾ ಮಾತ್ರ ಕೊನೆಯ ತನಕ ಎಲೆಚೆಕ್ ಬಿಡಲಿಲ್ಲ. ಗಂಡ ಬದುಕಿರುವಾಗ ಗಂಡನೂ ಹಗಲು ಬೆಳಕಿನಲ್ಲಿ ನೋಡಿರದ ಆ ತಲೆ ಈಗ ಆ ಬಟ್ಟೆಗಳ ಮೇಲೆಯೇ ಎರಡಾಳು ಎತ್ತರಕ್ಕೆ ನಿಂತಿತ್ತು.

ಚಿತ್ರದೊಳಗೆ ಒಂದು ಕೈ ಬಂತು, ಮರದ ಬಾಚಣಿಗೆ ಹಿಡಿದ ಕೈ. ಅದು ತನ್ನದೇ ಎಂದು ತಿಳಿಯಲು ಜಿಪಾರ್‌ಗೆ ಉಸಿರೆಳೆದುಕೊಳ್ಳುವಷ್ಟು ಹೊತ್ತು ಹಿಡಿಯಿತು. ಬಾಚಣಿಗೆ ನೆತ್ತಿಯಿಂದ ಇಳಿಯಿತು, ತಾಯಿಯ ಕಣ್ಣು ತುಂಬಿತು, ಒಂದು ಹನಿ ಮೂಗಿನ ಪಕ್ಕದ ಸುಕ್ಕಿನಲ್ಲಿ ಹಾದಿ ಹುಡುಕಿಕೊಂಡು ಇಳಿಯಿತು. ಚೌಕಟ್ಟಿನ ಮೇಲ್ತುದಿಯಲ್ಲಿ ಮಬ್ಬಾದ ಒಂದು ಕಪ್ಪು ಪಟ್ಟಿ ಅಡ್ಡಲಾಗಿ ತೂಗುತ್ತಿತ್ತು. ಅದೇನೆಂದು ಅವಳಿಗೆ ಗೊತ್ತು. ಮೆಡೆರ್‌ನ ಕಲ್ಪಕ್ಕು, ಅವನ ಬಿಳಿ ಉಣ್ಣೆಯ ಟೋಪಿ. ಅದರ ಮಡಚಿದ ಕಪ್ಪು ಅಂಚು. ಅಷ್ಟು ಸಾಕಾಯಿತು. ಅವಳು ಕಂಬಳಿಯ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡಳು.

ಅವಳದೂ ಮೆಡೆರ್‌ನದೂ ಹಳೆಯ ಕರಾರು ಅದು. ತನ್ನ ಮೈಯನ್ನೇ ಕಲೆಯಾಗಿಸಿ ಜನರ ಮುಂದೆ ಪ್ರದರ್ಶನ ಕೊಡುವ ಅವಳ ಹಿಂದೆ ಅವನು ಕ್ಯಾಮೆರಾ ಹಿಡಿದು ಅಲೆಯಲು ಶುರುಮಾಡಿದ ದಿನದಿಂದಲೂ ಇದ್ದದ್ದು. ಕಲ್ಪಕ್ಕನ್ನು ನಮ್ಮ ಗಂಡಸರು ಕಂಡಕಂಡಲ್ಲಿ ಇಡುವುದಿಲ್ಲ, ನೆಲಕ್ಕಂತೂ ಮುಟ್ಟಿಸುವುದಿಲ್ಲ. ಮೆಡೆರ್ ತನ್ನದನ್ನು ತೆಗೆದು ಕ್ಯಾಮೆರಾದ ಮೇಲೆ ಇಟ್ಟನೆಂದರೆ ಕ್ಯಾಮೆರಾ ಮಲಗಿತು ಎಂದು ಅರ್ಥ. ಆಗ ಅವಳು ಅಳಬಹುದು, ಮೂಗು ಸೀಟಬಹುದು, ಯಾರನ್ನಾದರೂ ಬಾಯಿಗೆ ಬಂದಂತೆ ಬೈಯಬಹುದು. ಹೆಪ್ಪುಗಟ್ಟಿದ ಸರೋವರದ ಮೇಲೆ ಅವಳು ಹಸಿ ಉಣ್ಣೆ ಸುತ್ತಿಕೊಂಡು ಮಲಗಿ ಎದ್ದಾಗ ಮೊದಲು ನೋಡುತ್ತಿದ್ದದ್ದು ಕ್ಯಾಮೆರಾದ ಮೇಲೆ ಟೋಪಿ ಇದೆಯೇ ಎಂದು. ಉಳಿದದ್ದೆಲ್ಲ ಊರವರ ಸೊತ್ತು. ಅವಳ ಮೈ, ಮಚ್ಚೆ, ಹೆರದ ಹೊಟ್ಟೆ ಎಲ್ಲವನ್ನೂ ದೂರದೂರದ ನಗರಗಳ ಜನ ಕೈಯಲ್ಲಿ ವೈನ್ ಹಿಡಿದುಕೊಂಡು ನೋಡಿದ್ದರು. ಮದುವೆ ಮುರಿದಾಗ ಗಂಡನ ಮನೆಯ ಬಾಗಿಲನ್ನೇ ಕಳಚಿ ಬೆನ್ನಿಗೆ ಕಟ್ಟಿಕೊಂಡು ಬೀದಿಯಲ್ಲಿ ನಡೆದಳು, ಅದೂ ಪ್ರದರ್ಶನವಾಯಿತು. ಬಾಗಿಲಿಲ್ಲದ ಮನೆಯಲ್ಲಿ ಪಾಪ ಅವನು ಹೇಗೆ ಮಲಗಿದನೋ, ಅದನ್ನು ಯಾರೂ ಕೇಳಲಿಲ್ಲ. ಆದರೆ ಅತ್‌ಬಾಷಿಯ ಆ ಮಧ್ಯಾಹ್ನ ಮಾತ್ರ ಅವಳದೇ ಆಗಿತ್ತು. ತಾಯಿ ತಾನಾಗಿ ಎಲೆಚೆಕ್ ಬಿಚ್ಚಿದ್ದಳು, ಬಾಚು ಅಂದಿದ್ದಳು, ಅತ್ತಿದ್ದಳು. ಹುಟ್ಟಿದ ಮೇಲೆ ಒಮ್ಮೆಯೂ ಬಾಯ್ತುಂಬ ಮಗಳೇ ಎನ್ನದ ಹೆಂಗಸು ಮಗಳ ಕೈಗೆ ತಲೆ ಒಪ್ಪಿಸಿ ಅತ್ತಿದ್ದಳು. ಮುಂದಿನ ಚಳಿಗಾಲ ನೋಡಲು ತಾಯಿ ಉಳಿಯಲಿಲ್ಲ. ಆ ಮಧ್ಯಾಹ್ನವನ್ನು ಜಿಪಾರ್ ಯಾರಿಗೂ ಹೇಳಲಿಲ್ಲ, ಬರೆಯಲಿಲ್ಲ, ಬಳಸಲಿಲ್ಲ. ನಿದ್ದೆ ಬಾರದಾಗ ತಾನೊಬ್ಬಳೇ ತೆಗೆದು ನೋಡಿ ಮತ್ತೆ ಒಳಗಿಟ್ಟುಕೊಳ್ಳುತ್ತಿದ್ದಳು.

"ಎಜೆ, ಬೈಬೇಡ. ಪೂರ್ತಿ ನೋಡು, ಆಮೇಲೆ ಬೈಯಿ," ಎಂದು ಮೆಡೆರ್ ಕುರ್ಚಿಗಳ ನಡುವಿನಿಂದ ಕೂಗಿದ. ಅವಳಿಗಿಂತ ಚಿಕ್ಕವನು; ಅಕ್ಕ ಎಂದು ಕರೆದೇ ಇಷ್ಟು ವರ್ಷ ಅವಳ ಅನ್ನ ಉಂಡವನು.

"ಕಲ್ಪಕ್ ಇತ್ತಲ್ಲೋ ಕ್ಯಾಮೆರಾ ಮೇಲೆ?"

"ಇತ್ತು."

"ಇತ್ತು ಅಂತೀಯಾ! ನಾಚಿಕೆ ಆಗಲ್ವಾ? ಅದರ ಕೆಳಗಿಂದ ಕಣ್ಣು ಬಿಟ್ಕೊಂಡು ಕೂತಿದ್ದೆಯಾ?"

ಬಾಲ್ಕನಿಯಲ್ಲಿ ಪ್ರೊಜೆಕ್ಟರ್ ನಡೆಸುತ್ತಿದ್ದ ಹುಡುಗ ಅದನ್ನು ಆರಿಸಿದ. ಬಟ್ಟೆಯ ಮೇಲಿನ ತಾಯಿ ಮಾಯವಾಗಿ ಹೊಲಿಗೆಗಳು ಕಾಣಿಸಿದವು.

"ತೆಗಿ ಅದನ್ನ."

"ತೆಗೀತೀನಿ. ನೀನು ಹೇಳಿದ್ರೆ ತೆಗೀಲೇಬೇಕಲ್ಲ. ಆದ್ರೆ ಎಜೆ, ಈ ಚಿತ್ರದಲ್ಲಿ ಜೀವ ಇರೋದು ಅದೊಂದೇ ಶಾಟ್. ಅದು ನಿಂಗೂ ಗೊತ್ತು."

ಗೊತ್ತಿತ್ತು. ಅದಕ್ಕೇ ಮೈ ಉರಿಯಿತು. ಅವಳು ಕಂಬಳಿಯಿಂದ ಎದ್ದು, ಬೂಟಿನ ಲೇಸು ಕಟ್ಟದೆಯೇ, ಬಾಗಿಲ ಬಳಿ ಅಂಟಿಸಿದ್ದ ತನ್ನದೇ ಮುಖದ ಭಿತ್ತಿಪತ್ರದ ಮುಂದಿನಿಂದ ಬೀದಿಗೆ ಇಳಿದಳು.

ಬೀದಿಯಲ್ಲಿ ಯಾವ ದೊಡ್ಡ ದುಃಖದ ಲಕ್ಷಣವೂ ಇರಲಿಲ್ಲ. ಬಿಸಿಲು ಹದವಾಗಿತ್ತು, ಕಾಲುವೆಯಲ್ಲಿ ನೀರು ಓಡುತ್ತಿತ್ತು, ಮಕ್ಸಿಂ ಮಾರುವ ಹೆಂಗಸು ನೀಲಿ ಪೀಪಾಯಿಯ ಪಕ್ಕದಲ್ಲಿ ಕಾಲು ಚಾಚಿ ಕೂತಿದ್ದಳು. ಜಿಪಾರ್ ಒಂದು ಲೋಟ ಕೊಂಡು ಆ ಹುಳಿ ಪೇಯವನ್ನು ನಿಂತೇ ಕುಡಿಯುತ್ತಿರುವಾಗ ಹೆಂಗಸು ಕಣ್ಣು ಕಿರಿದು ಮಾಡಿ ನೋಡಿದಳು. "ಟೀವೀಲಿ ಬಟ್ಟೆ ಸುತ್ಕೊಂಡು ಹೊರಳಾಡೋಳು ನೀನೇ ಅಲ್ವಾ?" ಜಿಪಾರ್ ಹೌದೆಂದು ತಲೆಯಾಡಿಸಿದಳು. "ಅಯ್ಯೋ, ನಮ್ಮತ್ತೆ ನಿನ್ನ ನೋಡಿದ್ರೆ ಟೀವಿ ಆರಿಸಿಬಿಡ್ತಾಳೆ. ನಾನು ಬೇಡ ಬಿಡು ಪಾಪ ಅಂತೀನಿ. ಮನೇಲಿ ಹೇಳೋರು ಕೇಳೋರು ಯಾರೂ ಇಲ್ವೇನಮ್ಮಾ?" ಇಲ್ಲ ಎಂದು ಜಿಪಾರ್ ಲೋಟ ಹಿಂದಿರುಗಿಸಿದಳು. ಅಂಥ ಮಾತಿಗೆ ಅವಳು ನಗುವವಳು. ಇವತ್ತು ನಗು ಬರಲಿಲ್ಲ. ಆಗಲೇ ಜೇಬಿನಲ್ಲಿ ಫೋನು ಹೊಡೆದುಕೊಂಡಿತು. ಬುರುಲ್, ತಾಯಿಯ ತಂಗಿ. ಅತ್‌ಬಾಷಿಯಿಂದ ವ್ಯಾನು ತುಂಬ ಹೆಂಗಸರನ್ನು ಹೇರಿಕೊಂಡು ಹೊರಟಿದ್ದಳು.

"ಏ ಹುಡುಗಿ, ಮುಂದಿನ ಸಾಲು ನಮಗೇ ಇಟ್ಟಿದೀಯಾ ತಾನೆ? ಬೋರ್ಸೋಕ್ ಎಣ್ಣೇಲಿ ಕರಿದು ತರ್ತಿದೀವಿ, ಒಳಗೆ ಬಿಡ್ತಾರಾ?"

"ಬಿಡ್ತಾರೆ, ತಾಯೆಜೆ."

"ನೀನು ಬಟ್ಟೆ ಗಿಟ್ಟೆ ಬಿಚ್ಚೋ ಆಟ ಏನೂ ಇಲ್ವಲ್ಲ? ಮೊದಲೇ ಹೇಳಿಬಿಡು. ನನ್ನ ಜೊತೆ ಮುಲ್ಲಾನ ಹೆಂಡ್ತಿ ಇದಾಳೆ."

"ಇಲ್ಲ. ಅಪಾನ ಚಿತ್ರ ಅಷ್ಟೇ. ಎಲೆಚೆಕ್ ಸುತ್ತೋದು," ಎಂದಳು ಜಿಪಾರ್; ತಾಯಿಯನ್ನು ಅವಳು ಅಪಾ ಎಂದೇ ಕರೆಯುತ್ತಿದ್ದದ್ದು.

"ಅಷ್ಟೇ ಸಾಕು. ನಮ್ಮಕ್ಕನ ಮುಖ ಮತ್ತೊಂದು ಸಲ ನೋಡಿದ್ರೆ ಸಾಕು ನಂಗೆ," ಎಂದು ಬುರುಲ್‌ಳ ದನಿ ಗದ್ಗದವಾಗಿ ಮತ್ತೆ ಕೂಡಲೇ ಯಾರನ್ನೋ ಕಿಟಕಿ ಮುಚ್ಚೆಂದು ಗದರಿತು.

ಶಾಟ್ ತೆಗೆಸಿಬಿಟ್ಟರೆ ಮುಗಿಯಿತು, ಯಾರಿಗೂ ತಿಳಿಯುವುದಿಲ್ಲ ಎಂದುಕೊಂಡು ಅವಳು ಓಕ್ ಮರಗಳ ಕೆಳಗೆ ನಡೆದಳು. ಮೆಡೆರ್‌ನನ್ನು ಮತ್ತೆಂದೂ ಮನೆಗೆ ಸೇರಿಸಬಾರದು. ಇಷ್ಟು ವರ್ಷ ಅವನು ಟೋಪಿಯ ಕೆಳಗಿನಿಂದ ಇನ್ನೇನೇನು ಕದ್ದಿದ್ದಾನೋ. ನಂಬಿಸಿ ಕತ್ತು ಕುಯ್ದ ಎಂಬ ಮಾತು ಅವಳ ನಾಲಿಗೆಯ ಮೇಲೆ ಬಂತು. ಆ ಮಧ್ಯಾಹ್ನವನ್ನು ಒಳಗಿನಿಂದ ತೆಗೆದು ನೋಡಿದಳು, ಎಲ್ಲಾದರೂ ಮುಕ್ಕಾಗಿದೆಯೇ ಎಂದು. ಒಲೆ, ಬೇಸಿನ್ನಿನಲ್ಲಿ ಬಿಸಿನೀರು, ಕುರಿಕೊಬ್ಬಿನ ವಾಸನೆ, ಕಿಟಕಿಯ ಹೊರಗೆ ಹಿಮ. ಕಿಟಕಿಯ ಬಳಿ ಕೂತ ತಾಯಿ. ಅಲ್ಲಿ ಅವಳ ಕಾಲು ನಿಂತಿತು. ತಾಯಿ ಕಿಟಕಿಯ ಬಳಿ ಯಾಕೆ ಕೂತಿದ್ದಳು? ಬಾಗಿಲಿಗೆ ಎದುರಾಗಿ, ಕೋಣೆಯ ಆಚೆ ತುದಿಗಿರುವ ಹಿರಿಯರ ಜಾಗ, ತೋರ್, ಅದು ಕಲೀಚಾಳದು. ಗಂಡ ಸತ್ತ ಮೇಲೆ ಅಲ್ಲಿ ಕೂತವಳು ಬೀಗರು ಬಂದರೂ ಏಳಲಿಲ್ಲ, ಮುಲ್ಲಾ ಬಂದರೂ ಒಂದು ಗೇಣು ಸರಿದಳು ಅಷ್ಟೆ. ಆ ದಿನ ಮಂಡಿನೋವು, ಗೋಡೆ ಥಂಡಿ ಎಂದು ಗೊಣಗುತ್ತ ಕಿಟಕಿಯ ಕೆಳಗೆ ಸೊಸೆಯಂದಿರು ಕೂರುವ ಕಡೆಗೆ ಜರುಗಿದ್ದಳು. ಕ್ಯಾಮೆರಾ ಪೆಟ್ಟಿಗೆ ಸಮೇತ ಮೆಡೆರ್‌ನನ್ನು ತೋರ್‌ಗೆ ಹತ್ತಿಸಿದ್ದಳು. ದೂರದ ಅತಿಥಿ ಅಂತ ಮರ್ಯಾದೆ ಮಾಡುತ್ತಿದ್ದಾಳೆ ಎಂದು ಜಿಪಾರ್ ಮನಸ್ಸಿನಲ್ಲೇ ಖುಷಿಪಟ್ಟಿದ್ದಳು. ಅತ್‌ಬಾಷಿಯಲ್ಲಿ ಹುಟ್ಟಿದ ಯಾವ ಹೆಂಗಸಿಗಾದರೂ ಅಲ್ಲೇ ಅನುಮಾನ ಬರಬೇಕಿತ್ತು. ಊರೂರು ತಿರುಗಿ ಬುದ್ಧಿವಂತೆ ಅನಿಸಿಕೊಂಡ ತನಗೆ ಬರಲಿಲ್ಲ. ಬೆಳಕು ಕಿಟಕಿಯ ಕೆಳಗಿತ್ತು, ಮತ್ತು ತಾಯಿ ಹೋಗಿ ಬೆಳಕಿನಲ್ಲಿ ಕೂತಿದ್ದಳು.

ಮೆಡೆರ್‌ನ ಕೋಣೆ ಒಂದು ಹಳೆಯ ಕಟ್ಟಡದ ಮೇಲ್ಮಹಡಿಯಲ್ಲಿ. ಅವಳು ಏದುಸಿರು ಬಿಡುತ್ತ ಒಳಗೆ ಬಂದಾಗ ಅವನು ತಣ್ಣಗಾದ ಸಮ್ಸಾ ತಿನ್ನುತ್ತಿದ್ದ. ಬಾಯಲ್ಲಿದ್ದದ್ದನ್ನು ನುಂಗಲು ಒದ್ದಾಡಿದ.

"ಕತ್ತರಿಸದೇ ಇರೋದನ್ನ ಹಾಕು. ಮೊದಲಿಂದ ಕೊನೇವರೆಗೆ."

"ಬೇಡ ಎಜೆ. ಶಾಟ್ ತೆಗೆದಾಯ್ತು. ಸಂಜೆ ಇರಲ್ಲ. ಸತ್ಯವಾಗ್ಲೂ."

"ನಾನು ನೀರು ಚೆಲ್ಲೋಕೆ ಹೊರಗೆ ಹೋದೆ. ಆಮೇಲೆ ಏನಾಯ್ತು?"

"ನಾನು ಮಾತು ಕೊಟ್ಟಿದೀನಿ."

"ಯಾರಿಗೆ? ನಂಗೆ ಕೊಟ್ಟ ಮಾತು ಏನಾಯ್ತಪ್ಪಾ? ಅದು ಮಾತಲ್ವಾ? ಹಾಕು ಅಂದ್ನಲ್ಲ!"

ಅವನು ಹಾಕಿ ಕಿಟಕಿಯ ಕಡೆ ತಿರುಗಿ ನಿಂತ. ಸಣ್ಣ ಪರದೆಯ ಮೇಲೆ ಎಲ್ಲ ಮತ್ತೆ ನಡೆಯಿತು: ಬಾಚಣಿಗೆ, ಹನಿ, ಎರಡು ಇಲಿಬಾಲದಂಥ ಜಡೆ. ಜಿಪಾರ್ ಬೇಸಿನ್ ಎತ್ತಿಕೊಂಡು ಹೋದಳು, ಬಾಗಿಲು ಮುಚ್ಚಿದ ಸದ್ದಾಯಿತು. ತಾಯಿ ಸ್ವಲ್ಪ ಹೊತ್ತು ಕಿವಿಗೊಟ್ಟಳು. ಅಂಗೈಯಿಂದ ಕಣ್ಣೊರೆಸಿಕೊಂಡಳು. ಆಮೇಲೆ ಆ ಮುಖ ಬದಲಾಯಿತು. ಎಷ್ಟು ಸಲೀಸಾಗಿ ಬದಲಾಯಿತೆಂದರೆ ಜಿಪಾರ್‌ಗೆ ತನ್ನ ಇಡೀ ಜೀವಮಾನದಲ್ಲಿ ಅಂಥದ್ದೊಂದನ್ನು ಮಾಡಲು ಆಗಿರಲಿಲ್ಲ. ತಾಯಿ ಕ್ಯಾಮೆರಾವನ್ನು ನೇರವಾಗಿ ನೋಡಿದಳು.

"ಚೆನ್ನಾಗಿ ಬಂತಾ?"

"ಬಂತು, ಅಪಾ," ಎಂದಿತು ಕಾಣದ ಮೆಡೆರ್‌ನ ದನಿ.

"ಅಳು ಹೆಚ್ಚಾಯ್ತೇನೋ."

"ಇಲ್ಲ ಇಲ್ಲ."

"ಊರಿನ ಕ್ಲಬ್ಬಿನ ನಾಟಕದಲ್ಲಿ ಅಳೋ ಪಾತ್ರ ಎಲ್ಲಾ ನಂಗೇ ಕೊಡ್ತಿದ್ರು ಕಣೋ ಮಗಾ. ಮದುವೆಯಾದ ಹೊಸದ್ರಲ್ಲೇ ನಮ್ಮತ್ತೆ ಬಂದು ಜುಟ್ಟು ಹಿಡಿದು ಎಳಕೊಂಡು ಹೋದ್ಲು. ಅವತ್ತು ಸುತ್ತಿದ್ದು ಇದು." ಅವಳು ಮಡಿಲಲ್ಲಿದ್ದ ಬಟ್ಟೆಯ ಸುರುಳಿಯನ್ನು ತಟ್ಟಿದಳು. "ನಾನು ಹೋದ ಮೇಲೆ ತೋರಿಸು. ದೊಡ್ಡದಾಗಿ ತೋರಿಸು. ನಾನು ಒಪ್ಪಿದ್ದೆ ಅಂತ ಮಾತ್ರ ಬಾಯಿ ಬಿಡಬೇಡ. ಬುರುಲ್‌ಗೆ ಗೊತ್ತಾದ್ರೆ ನನ್ನ ಗೋರಿ ಹತ್ರಾನೂ ಬರಲ್ಲ ಅವಳು."

"ಮತ್ತೆ ಜಿಪಾರ್ ಎಜೆಗೆ?"

"ಅವಳಿಗೆ ಯಾಕೆ? ಅವಳಿಗೆ ಹೇಳಿದ್ರೆ ಕೈ ಬಿಗಿಹಿಡಿದುಬಿಡ್ತಾಳೆ, ಚೆನ್ನಾಗಿ ಬರಲ್ಲ. ಮಗಳೇ ಕದ್ದು ತೆಗೆಸಿದ್ಲು ಅಂದ್ಕೊಳ್ಳಲಿ ಊರವರು. ಅವಳ ಹೆಸರು ಹೇಗೂ ಹೋಗಿದೆ, ಇನ್ನೊಂದು ಸೇರ್ತು ಅಂತ ಏನು ನಷ್ಟ?" ಎಂದು ತಾಯಿ ನಕ್ಕಳು. ಹಲ್ಲಿಲ್ಲದ, ಹುಡುಗಿಯಂಥ ನಗು. ಅದನ್ನು ಜಿಪಾರ್ ಎಂದೂ ನೋಡಿರಲಿಲ್ಲ. ಬಾಗಿಲ ಸದ್ದಾಯಿತು. ನಗು ಆರಿ ತಾಯಿಯ ಮುಖ ಮತ್ತೆ ತಾಯಿಯದಾಯಿತು.

ಮೆಡೆರ್ ಅದನ್ನು ನಿಲ್ಲಿಸಿದ. ಕೆಳಗೆ ಟ್ರಾಲಿಬಸ್ಸು ಹೋದ ಸದ್ದು ಕೇಳಿಸಿತು. ಜಿಪಾರ್‌ಗೆ ಅಳು ಬರಬೇಕಿತ್ತು, ಬರಲಿಲ್ಲ. ಅಳುವ ಪಾತ್ರ ಮನೆಯಲ್ಲಿ ಬೇರೆಯವರಿಗೆ ಹೋಗಿತ್ತಲ್ಲ. ಅವಳಿಗೆ ಆದದ್ದು ಅವಮಾನ. ಆ ಕೋಣೆಯಲ್ಲಿ ಮೂವರಿದ್ದರು, ಇಬ್ಬರಿಗೆ ಅದು ಆಟವೆಂದು ಗೊತ್ತಿತ್ತು. ಗೊತ್ತಿಲ್ಲದೆ ನಿಜವಾಗಿ ಬದುಕಿದವಳು ತಾನೊಬ್ಬಳು, ಆಡುವುದೇ ಕಸುಬಾದವಳು. ಆ ದಿನ ಒಂದು ಕೂದಲೂ ಜಗ್ಗಬಾರದೆಂದು ಉಸಿರು ಹಿಡಿದಿದ್ದಳು. ಆ ತಲೆಯ ಬಿಸುಪು ಬೆರಳಿನ ತುದಿಯಲ್ಲಿ ಇನ್ನೂ ಇತ್ತು, ಈಗ ಅದನ್ನು ಎಲ್ಲಿ ಒರೆಸಿಕೊಳ್ಳುವುದೋ ತಿಳಿಯಲಿಲ್ಲ. ಹನಿ ಇಳಿದ ಆ ಗಳಿಗೆಯಾದರೂ, ಅದೊಂದು ಗಳಿಗೆಯಾದರೂ ತಾಯಿ ಮರೆತಿರಬಹುದೇ ಕ್ಯಾಮೆರಾವನ್ನು? ಹುಡುಕಿದರೆ ಸಿಗಬಹುದಿತ್ತು. ಹಿಂದಕ್ಕೆ ಓಡಿಸಿ, ನಿಧಾನಕ್ಕೆ ಇಟ್ಟು, ಕಣ್ಣಿನ ಪಾಪೆ ಎತ್ತ ಹೊರಳಿತು ಎಂದು ನೋಡಿದರೆ ಸಾಕು. ಅವಳು ಹಿಂದಕ್ಕೆ ಓಡಿಸಲಿಲ್ಲ.

"ಕೊನೇ ತುಂಡು ಅಳಿಸಿಬಿಡ್ತೀನಿ ಎಜೆ. ಶಾಟೂ ಅಳಿಸ್ತೀನಿ. ಏನೂ ಇರಲಿಲ್ಲ ಅಂದ್ಕೋ."

"ಇಷ್ಟು ದಿನ ನನ್ನ ಮುಖ ನೋಡ್ಕೊಂಡು ಹೇಗೋ ಚಾ ಕುಡಿದೆ ನೀನು?"

"ಅಪಾ ಕೈ ಹಿಡ್ಕೊಂಡು ಕೇಳಿದ್ರು. ಸಾಯೋ ಮುದುಕಿ. ಇಲ್ಲ ಅನ್ನೋಕಾಗ್ತಿತ್ತಾ?"

"ನಂಗೆ ಕೊಟ್ಟ ಮಾತು ಮುರಿಯೋಕೆ ಆಯ್ತಲ್ಲ," ಎಂದಳು ಜಿಪಾರ್, ಮತ್ತು ಮೇಜಿನ ಮೇಲಿದ್ದ ಅವನ ಕಲ್ಪಕ್ಕನ್ನು ಎತ್ತಿ ನೆಲಕ್ಕೆ ಹಾಕಿದಳು. ಅವನು ಬಗ್ಗಿ ತೆಗೆದುಕೊಳ್ಳಲಿಲ್ಲ, ಅದು ಅವನಿಗೆ ಸಂದ ಬೈಗುಳವೆಂದು ಒಪ್ಪಿಕೊಂಡಂತೆ ನಿಂತ. ಬಾಗಿಲ ತನಕ ಹೋದವಳು ತಿರುಗಿ ನೋಡದೆಯೇ ಹೇಳಿದಳು: "ಶಾಟ್ ಇರಲಿ. ಟೋಪಿ ಅಂಚೂ ಇರಲಿ, ಕತ್ತರಿಸಬೇಡ."

ಯಾಕೆ ಹಾಗೆಂದಳೋ ಸಂಜೆ ಕಂಬಳಿಯ ಮೇಲೆ ಕೂತಾಗಲೂ ಅವಳಿಗೆ ಸ್ಪಷ್ಟವಾಗಿರಲಿಲ್ಲ. ಸೇಡು ಎಂದುಕೊಂಡರೆ ಸೇಡು: ನೋಡಲಿ ಊರು, ಕಲೀಚಾಳ ತಲೆಯನ್ನು. ಆದರೆ ಸೇಡು ಮುಟ್ಟುವುದು ಯಾರಿಗೆ? ಮಣ್ಣಿನಡಿಯ ಮುದುಕಿ ಅದನ್ನೇ ಕೇಳಿಕೊಂಡಿದ್ದಳು. ಮತ್ತೆ, ಹೊಟ್ಟೆಕಿಚ್ಚೂ ಇತ್ತು, ಇಲ್ಲವೆಂದರೆ ಸುಳ್ಳಾದೀತು. ಹೆಪ್ಪುಗಟ್ಟಿದ ಸರೋವರದ ಮೇಲೆ ಮಲಗಿ ತಾನು ಪಡೆಯಲಾರದ್ದನ್ನು ಆ ಹೆಂಗಸು ಕಿಟಕಿಯ ಕೆಳಗೆ ಮಂಡಿನೋವಿನ ನೆಪದಲ್ಲಿ ಕೂತು ಪಡೆದುಬಿಟ್ಟಿದ್ದಳು. ಬೆನ್ನ ಹಿಂದೆ ಕುರ್ಚಿಗಳು ತುಂಬಿದವು. ಮುಂದಿನ ಸಾಲಿನಿಂದ ಎಣ್ಣೆಯಲ್ಲಿ ಕರಿದ ಬೋರ್ಸೋಕ್‌ನ ವಾಸನೆ ಬಂತು, ಬುರುಲ್‌ಳ ಪಿಸುಮಾತು ಇಡೀ ಸಭೆಗೆ ಕೇಳಿಸಿತು: "ನೋಡ್ರೇ, ಅದು ನಮ್ಮಕ್ಕನ ಬಟ್ಟೆ, ಆ ಕಲೆ ನಂಗೆ ಗೊತ್ತು, ಚಾ ಚೆಲ್ಲಿದ್ದು ನಾನೇ." ದೀಪ ಆರಿತು. ಜಿಪಾರ್ ತನ್ನ ತಲೆಗೆ ಬಿಳಿ ಬಟ್ಟೆ ಸುತ್ತತೊಡಗಿದಳು, ಎದುರಿಗೆ ಚಿತ್ರ ನಡೆಯಿತು, ತಾಯಿ ಕೆಮ್ಮಿದಳು, ಬೈದಳು, ಗಂಟು ಹಾಕುವುದನ್ನು ತೋರಿಸಿದಳು, ಜನ ನಕ್ಕರು. ಆಮೇಲೆ ಬರಿತಲೆ ಬಂತು. ನಗು ನಿಂತಿತು. ಹಿಂದಿನ ಸಾಲುಗಳಲ್ಲಿ ಯಾರೋ ಬಿಕ್ಕಿದರು, ನಗರದವರಿರಬೇಕು. ಮುಂದಿನ ಸಾಲಿನಲ್ಲಿ ಒಂದು ಕುರ್ಚಿ ಕಿರುಗುಟ್ಟಿತು, ಮತ್ತೊಂದು, ಮತ್ತೊಂದು; ಬೂಟುಗಳು ಬಾಗಿಲ ಕಡೆ ನಡೆದವು. ಜಿಪಾರ್ ಕೈ ನಿಲ್ಲಿಸದೆ ಕೊನೆಯ ತನಕ ಸುತ್ತಿದಳು.

ಅವಳು ಹೊರಗೆ ಬಂದಾಗ ಅವರೆಲ್ಲ ಕೋಟು ತೊಟ್ಟು ಪಡಸಾಲೆಯಲ್ಲಿ ಗುಂಪಾಗಿ ನಿಂತಿದ್ದರು. ಬುರುಲ್ ಮೆಡೆರ್‌ನನ್ನು ಗೋಡೆಗೆ ಒತ್ತಿದಂತೆ ನಿಲ್ಲಿಸಿಕೊಂಡಿದ್ದಳು.

"ಇವನದೇ ಕೆಲಸ ಅಲ್ವಾ ಇದು? ಹೇಳು. ನೀನೇನೇ ಆದ್ರೂ ಹೊಟ್ಟೇಲಿ ಹುಟ್ಟಿದ ಮಗಳು, ನೀನು ಮಾಡಿರಲ್ಲ. ಗಂಡಸರು ತುಂಬಿದ ಸಭೇಲಿ ನನ್ನಕ್ಕನ ತಲೆ! ಬಾಯಿ ಬಿಡೋ!"

ಮೆಡೆರ್ ಬಾಯಿ ತೆರೆದ. ಅವನು ಹೇಳಿಬಿಡುತ್ತಾನೆ ಎಂದು ಜಿಪಾರ್‌ಗೆ ಗೊತ್ತಾಯಿತು; ಅವಳಿಗೋಸ್ಕರ, ತೀರಾ ತಡವಾಗಿ, ಇನ್ನೊಂದು ಮಾತು ಮುರಿಯುತ್ತಾನೆ. ಹೇಳಿದರೆ ತಾನು ಉಳಿಯುತ್ತಾಳೆ. ಬುರುಲ್ ಅಪ್ಪಿಕೊಂಡು ಅಳುತ್ತಾಳೆ, ಬೋರ್ಸೋಕ್ ತಿನ್ನಿಸುತ್ತಾಳೆ, ವರ್ಷಕ್ಕೊಮ್ಮೆ ಹೋಗಿ ಬರಲು ಒಂದು ಮನೆ ಉಳಿಯುತ್ತದೆ. ಅತ್‌ಬಾಷಿಯಲ್ಲಿ ತನಗೆ ಉಳಿದಿರುವುದೇ ಅಷ್ಟು.

"ನಾನೇ ತೆಗೆಸಿದ್ದು, ತಾಯೆಜೆ."

ಬುರುಲ್ ಅವಳ ಮುಖವನ್ನೇ ನೋಡಿದಳು. "ಅಕ್ಕನಿಗೆ ಗೊತ್ತಿತ್ತಾ?"

"ಇಲ್ಲ." ಜಿಪಾರ್‌ಳ ಕಣ್ಣು ತುಂಬಿತು. ಒಂದು ಹನಿ ಮೂಗಿನ ಪಕ್ಕ ಇಳಿಯಿತು, ಅವಳು ಒರೆಸಿಕೊಳ್ಳಲಿಲ್ಲ. "ಕ್ಯಾಮೆರಾ ಮಲಗಿದೆ ಅಂತ ಸುಳ್ಳು ಹೇಳಿದೆ. ಪಾಪ, ಅವಳು ನನ್ನ ನಂಬಿದ್ಲು."

ಬುರುಲ್ ತನ್ನ ಸ್ಕಾರ್ಫಿನ ಗಂಟನ್ನು ಗದ್ದದ ಕೆಳಗೆ ಬಿಗಿದಳು. ಉಗುಳಲು ಹೋದವಳು ಅದಕ್ಕೂ ಮನಸ್ಸಾಗದೆ ತಿರುಗಿದಳು. "ಇನ್ಮೇಲೆ ನಮ್ಮ ಊರ ಕಡೆ ತಲೆ ಹಾಕಬೇಡ," ಎಂದಳು ಬಾಗಿಲ ಬಳಿ, ಅವಳ ಕಡೆ ನೋಡದೆ. ಹೆಂಗಸರು ಒಬ್ಬೊಬ್ಬರಾಗಿ ಜಿಪಾರ್‌ಳನ್ನು ಬಳಸಿ ಹೋದರು. ಮುಲ್ಲಾನ ಹೆಂಡತಿ ಬೋರ್ಸೋಕ್‌ನ ಗಂಟನ್ನು ಬೆಂಚಿನಿಂದ ಮರೆಯದೆ ಎತ್ತಿಕೊಂಡಳು. ಹೊರಗೆ ವ್ಯಾನಿನ ಬಾಗಿಲು ಜಾರಿ ಮುಚ್ಚಿದ ಸದ್ದಾಯಿತು.

ಪಡಸಾಲೆಯಲ್ಲಿ ಮೆಡೆರ್ ಒಬ್ಬನೇ ಉಳಿದ. ಅವನ ಮುಖ ಬಿಳಿಚಿಕೊಂಡಿತ್ತು, ಕಲ್ಪಕ್ಕನ್ನು ಎರಡೂ ಕೈಯಲ್ಲಿ ಎದೆಗೆ ಒತ್ತಿ ಹಿಡಿದಿದ್ದ. ಜಿಪಾರ್ ಸ್ವಲ್ಪ ಹೊತ್ತು ಕಿವಿಗೊಟ್ಟಳು, ವ್ಯಾನು ತಿರುವು ದಾಟುವ ತನಕ. ಅಂಗೈಯಿಂದ ಕಣ್ಣೊರೆಸಿಕೊಂಡಳು. ಆಮೇಲೆ ಅವನನ್ನು ನೇರವಾಗಿ ನೋಡಿದಳು.

"ಚೆನ್ನಾಗಿ ಬಂತಾ?" ಎಂದು ಕೇಳಿದಳು.